ಗ್ಯಾರೇಜಿಗೆ ಮರದ ಪಟ್ಟಿ ಹೊಡೆಸಿದ ಕತೆ

"ಸಾರ್, ಸ್ವಲ್ಪ ಹೊರಗೆ ಬನ್ನಿ. ಗೋಡೆಯಲ್ಲಿ ಎಂಥದೋ ಬರೆದದ್ದುಂಟು."

ಕಳೆದ ತಿಂಗಳು ಒಂದು ಬೆಳಿಗ್ಗೆ ಉಮೇಶ ಆಚಾರಿಯವರು ಹೀಗೆ ಕರೆದಾಗ ನಾನು ಕಾಫಿ ಹಿಡಿದುಕೊಂಡು ಈ ಅಂಕಣಕ್ಕೆ ಏನು ಬರೆಯುವುದೆಂದು ತಲೆ ಕೆರೆದುಕೊಳ್ಳುತ್ತಿದ್ದೆ. (ಪ್ರತಿ ವಾರದ ಪಾಡು ಇದು. ನಿಮಗೆ ಗೊತ್ತಿಲ್ಲದ್ದೇನಲ್ಲ.) ಗೋಡೆಯಲ್ಲಿ ಎಂಥ ಬರೆದಿರುತ್ತದೆ? ಯಾವುದೋ ಹಳೆಯ ಇಲೆಕ್ಷನ್ನಿನ ಗುರುತು ಇರಬೇಕು ಅಂದುಕೊಂಡು ಲೋಟ ಹಿಡಿದುಕೊಂಡೇ ಹೋದೆ. ಕಾಫಿ ಅಲ್ಲಿಯೇ ಆರಿ ತಣ್ಣಗಾಯಿತು.

ಮೊದಲಿಂದ ಹೇಳುತ್ತೇನೆ.

ಮೂಡುಬಿದಿರೆಯ ನಮ್ಮ ಮನೆಗೆ ಹೋದ ವರ್ಷ ಹೊಸ ಪೇಂಟ್ ಹೊಡೆಸಿದೆವು. ಮನೆ ಹೊಸದಾಗಿ ಕಂಡಿತು. ಪಕ್ಕದ ಗ್ಯಾರೇಜು ಇದ್ದಕ್ಕಿದ್ದಂತೆ ಮುದಿಯಾಗಿ ಕಂಡಿತು. ಕೆಂಪುಕಲ್ಲಿನ ಗೋಡೆ, ಮೇಲೆ ಸಿಮೆಂಟ್ ಗಾರೆ, ಅದರ ಮೇಲೆ ವರ್ಷಗಟ್ಟಲೆ ಮಳೆ ಕುಡಿದ ಪಾಚಿ. ರಸ್ತೆಯಿಂದ ಬರುವವರಿಗೆ ಮೊದಲು ಕಾಣುವುದೇ ಆ ಗೋಡೆ. ಹೆಂಡತಿ ಶೋಭಾ ಮೊಬೈಲಿನಲ್ಲಿ ಒಂದು ಫೋಟೋ ತೋರಿಸಿದಳು. ಯಾವುದೋ ದೇಶದ ಯಾರದೋ ಗ್ಯಾರೇಜು. ಹೊರಗೋಡೆಗೆ ಮೇಲಿಂದ ಕೆಳಗಿನವರೆಗೆ ತೆಳುವಾದ ಮರದ ಪಟ್ಟಿಗಳು, ಸಾಲಾಗಿ, ನಡುವೆ ಒಂದೇ ಅಳತೆಯ ಸಂದು. ಚಂದವೇ ಇತ್ತು. (ಮೊಬೈಲಿಗೆ ನೀವು ಒಂದು ಗ್ಯಾರೇಜು ನೋಡಿದ್ದು ಗೊತ್ತಾದರೆ ಸಾಕು. ಆಮೇಲೆ ಒಂದು ತಿಂಗಳು ಲೋಕದಲ್ಲಿ ಗ್ಯಾರೇಜು ಬಿಟ್ಟರೆ ಬೇರೇನೂ ಇಲ್ಲ.)

ಮಂಗಳೂರಿನ ಅಂಗಡಿಯವನೊಬ್ಬ ಮರದ ಹಾಗೆಯೇ ಕಾಣುವ ಪ್ಲಾಸ್ಟಿಕ್ ಪಟ್ಟಿ ತೋರಿಸಿದ. ಗೆದ್ದಲು ಹಿಡಿಯುವುದಿಲ್ಲ, ಬಣ್ಣ ಹೋಗುವುದಿಲ್ಲ ಎಂದ. ಶೋಭಾ ಅದನ್ನು ಬೆರಳಿನಿಂದ ತಟ್ಟಿ ನೋಡಿ, ಬೇಡ ಎಂದಳು. ಮರವೆಂದರೆ ಮರವೇ ಆಗಬೇಕು. ಹೀಗೆ ಹುಡುಕಿ ಹುಡುಕಿ ಸಿಕ್ಕಿದವರು ಕಕ್ಕಿಂಜೆಯ ಬಡಗಿ ಉಮೇಶ ಆಚಾರಿಯವರು.

ಆಚಾರ್ರು ಕಡಿಮೆ ಮಾತಿನ ಮನುಷ್ಯ. ಬಂದವರೇ ಗೋಡೆಯನ್ನು ಗೆಣ್ಣಿನಿಂದ ಬಡಿದು ನೋಡಿದರು. ಮಳೆ ಯಾವ ಕಡೆಯಿಂದ ಹೊಡೆಯುತ್ತದೆ ಎಂದು ಕೇಳಿದರು. ಪಡುವಣದಿಂದ ಅಂದೆ. ಚಾರ್ಮಾಡಿ ಘಾಟಿಯ ಬುಡದ ಕಕ್ಕಿಂಜೆಯಲ್ಲಿ ಇರುವವರಿಗೆ ಮಳೆಯ ಬಗ್ಗೆ ನಾನು ಹೇಳುವುದೇನಿದೆ? "ಮರಕ್ಕೆ ನೀರು ತಾಗಿದ್ರೆ ತೊಂದ್ರೆ ಇಲ್ಲ ಸಾರ್. ನೀರು ನಿಂತ್ರೆ ತೊಂದ್ರೆ," ಅಂದರು. ಗೋಡೆಗೂ ಪಟ್ಟಿಗೂ ನಡುವೆ ಗಾಳಿ ಆಡಲು ಜಾಗ ಬಿಡಬೇಕು, ಪಟ್ಟಿಯ ಕೆಳತುದಿ ನೆಲಕ್ಕೆ ತಾಗಬಾರದು, ಕಬ್ಬಿಣದ ಮೊಳೆ ಬೇಡ, ಸ್ಟೀಲಿನ ಸ್ಕ್ರೂ ಬೇಕು. ಅಷ್ಟೇ ಭಾಷಣ.

ಬೆಳ್ತಂಗಡಿಯ ಮಿಲ್ಲಿನಲ್ಲಿ ಹೆಬ್ಬಲಸಿನ ಮರ ಸಿಕ್ಕಿತು. ಎರಡೆರಡು ಇಂಚಿನ ಪಟ್ಟಿಗಳಾಗಿ ಸೀಳಿಸಿ, ಅಂಗಳದಲ್ಲಿ ಹರಡಿ, ಗೇರೆಣ್ಣೆ ಹಚ್ಚಿದರು. ಗೇರುಬೀಜದ ಸಿಪ್ಪೆಯ ಎಣ್ಣೆ. ಅದರ ಘಾಟು ಮೂಗಿಗೆ ಬಿದ್ದದ್ದೇ ನನಗೆ ಅಮ್ಮನ ನೆನಪಾಯಿತು. ಅಮ್ಮ ಪ್ರತಿ ಬೇಸಿಗೆಯಲ್ಲೂ ಹಳೆಯ ಬಟ್ಟೆಯ ಉಂಡೆ ಮಾಡಿ ಕಿಟಕಿ ಬಾಗಿಲಿಗೆಲ್ಲ ಅದನ್ನೇ ಒರೆಸುತ್ತಿದ್ದಳು. ಎರಡು ದಿನ ಮನೆಯೊಳಗೆ ಉಸಿರಾಡುವ ಹಾಗಿರಲಿಲ್ಲ.

ಪಟ್ಟಿ ಒಣಗುವ ಹೊತ್ತಿಗೆ ಆಚಾರ್ರು ಗೋಡೆಯ ಪಾಚಿ ಕೆರೆಯತೊಡಗಿದರು. ಮೂರನೆಯ ದಿನ ನನ್ನನ್ನು ಕರೆದರು.

ಪಾಚಿಯ ಜೊತೆ ಬಿಳಿ ಪೇಂಟಿನ ಪದರ ಹಪ್ಪಳದ ಹಾಗೆ ಎದ್ದುಬಂದಿತ್ತು. ಅದರಡಿಯಲ್ಲಿ ನೀಲಿ ಅಕ್ಷರಗಳು. ಪೂರ್ತಿಯಾಗಿ ಓದಬಹುದಿತ್ತು.

ಇಲ್ಲಿ ಟೈಪಿಂಗ್ ಕಲಿಸಲಾಗುವುದು. ಇಂಗ್ಲಿಷ್, ಕನ್ನಡ.

"ಆಯಿಲ್ ಪೇಂಟಿನ ಮೇಲೆ ಸಿಮೆಂಟ್ ಪೇಂಟ್ ಹಿಡಿಯುದಿಲ್ಲ ಸಾರ್," ಎಂದರು ಆಚಾರ್ರು. "ಹೊಡೆದವರಿಗೆ ಗೊತ್ತಿರ್ಲಿಕ್ಕಿಲ್ಲ."

ಹೊಡೆದವನು ನಾನೇ. ಹೇಳಲಿಲ್ಲ.

ಶೋಭಾ ಬಂದು ನೋಡಿದಳು. ಇದು ಯಾವಾಗ ಇತ್ತು ಎಂದು ಕೇಳಿದಳು. ನಾವು ಮದುವೆಯಾಗಿ ಇಪ್ಪತ್ತನಾಲ್ಕು ವರ್ಷ. ಅವಳು ಈ ಮನೆಗೆ ಬರುವಾಗಲೇ ಅಲ್ಲಿ ಕಾರು ನಿಲ್ಲುತ್ತಿತ್ತು. ಅದು ಎಂದಿನಿಂದಲೂ ಕಾರಿನ ಜಾಗ ಎಂದೇ ಅವಳು ತಿಳಿದಿದ್ದಳು. ನನ್ನ ಚಿಕ್ಕಮ್ಮ ಟೈಪಿಂಗ್ ಕಲಿಸುತ್ತಿದ್ದರು ಎನ್ನುವುದು ಗೊತ್ತಿತ್ತು. ಎಲ್ಲಿ ಎಂದು ನಾನು ಹೇಳಿರಲಿಲ್ಲ. ಹೇಳದೇ ಇರುವುದು ಸುಳ್ಳಾಗುತ್ತದಾ? ಇಪ್ಪತ್ತನಾಲ್ಕು ವರ್ಷವೂ ಸುಳ್ಳಾಗುವುದಿಲ್ಲ ಎಂದೇ ಅಂದುಕೊಂಡಿದ್ದೆ.

ವಾರಿಜ ಚಿಕ್ಕಮ್ಮ ನನ್ನ ಅಮ್ಮನ ತಂಗಿ. ಮದುವೆ ಆಗಲಿಲ್ಲ. ಬಂಟ್ವಾಳದಲ್ಲಿ ವಕೀಲರೊಬ್ಬರ ಆಫೀಸಿನಲ್ಲಿ ಎಂಟು ವರ್ಷ ಟೈಪಿಸ್ಟ್ ಆಗಿದ್ದರು. ನಮ್ಮ ಮನೆಯಿಂದಲೇ ಬಸ್ಸಿನಲ್ಲಿ ಹೋಗಿ ಬರುವುದು. ವಕೀಲರು ಆಫೀಸು ಮುಚ್ಚಿದಾಗ ಅಲ್ಲಿಯ ಎರಡು ಹಳೆಯ ಮೆಷಿನ್ನುಗಳನ್ನು ತಂದು, ಕ್ಲಾಸು ಶುರು ಮಾಡುತ್ತೇನೆ ಎಂದರು. ಅಮ್ಮ ಮರುಮಾತಾಡದೆ ಈಗ ಗ್ಯಾರೇಜಾಗಿರುವ ಸೌದೆಯ ಕೊಟ್ಟಿಗೆ ಖಾಲಿ ಮಾಡಿಸಿ, ಗಾರೆ ಹಾಕಿಸಿ, ಬೀಗದ ಕೈಯನ್ನು ತಂಗಿಯ ಕೈಗೆ ಕೊಟ್ಟಳು.

ಎರಡು ಮೆಷಿನ್ನು ಏಳಾಯಿತು. ಬೆಳಿಗ್ಗೆ ಆರಕ್ಕೆ ಮೊದಲ ಬ್ಯಾಚು. ತಗಡಿನ ಮಾಡಿಗೆ ಆಲಿಕಲ್ಲು ಬಿದ್ದ ಹಾಗೆ ಸದ್ದು. ನನ್ನ ಹೈಸ್ಕೂಲು, ಕಾಲೇಜು ಎಲ್ಲ ಆ ಸದ್ದಿನಲ್ಲಿಯೇ ಕಳೆಯಿತು. ಎಸ್ಸೆಸ್ಸೆಲ್ಸಿ ಆದವರು, ಪಿಯುಸಿ ಆದವರು, ಯಾವುದೂ ಆಗದವರು. ಹೆಚ್ಚಿನವರು ಹುಡುಗಿಯರು. ಬೆಳ್ತಂಗಡಿ ಕಡೆಯಿಂದ ಮೊದಲ ಬಸ್ಸಿಗೆ ಬರುವವರೂ ಇದ್ದರು. ಚಿಕ್ಕಮ್ಮ ಅವರ ಕೈಗಳ ಮೇಲೆ ಒಂದು ಬೈರಾಸು, ಅಂದರೆ ಟವೆಲು, ಹೊದಿಸಿಬಿಡುತ್ತಿದ್ದರು. ಕೀ ನೋಡಬಾರದು, ಬೆರಳಿಗೇ ದಾರಿ ಗೊತ್ತಾಗಬೇಕು. ಬೈಯುತ್ತಿರಲಿಲ್ಲ. ಪೆನ್ಸಿಲಿನಿಂದ ಮೇಜಿಗೆ ಒಂದು ತಟ್ಟು. "ಕಿರುಬೆರಳಿಗೂ ಕೆಲಸ ಉಂಟು."

ಪರೀಕ್ಷೆ ಮಂಗಳೂರಿನಲ್ಲಿ. ಮೆಷಿನ್ನು ನಾವೇ ಕೊಂಡುಹೋಗಬೇಕು. ಬಾಡಿಗೆ ಜೀಪಿನಲ್ಲಿ ಹುಡುಗಿಯರು ಒಬ್ಬೊಬ್ಬರೂ ಬೆಡ್‌ಶೀಟಿನಲ್ಲಿ ಸುತ್ತಿದ ಮೆಷಿನ್ನನ್ನು ತೊಡೆಯ ಮೇಲಿಟ್ಟುಕೊಂಡು, ಹಸುಗೂಸನ್ನು ಡಾಕ್ಟರಲ್ಲಿಗೆ ಕರೆದುಕೊಂಡು ಹೋಗುವವರ ಹಾಗೆ ಕುಳಿತಿರುತ್ತಿದ್ದರು. ಪಿಯುಸಿ ರಜೆಯಲ್ಲಿ ನಾನೂ ಕಲಿತೆ. ಇಂದಿಗೂ ನಾನು ಕೀಬೋರ್ಡ್ ನೋಡದೆ ಬರೆಯುತ್ತೇನೆ. ನೀವು ಪ್ರತಿ ವಾರ ಓದುವುದು ಚಿಕ್ಕಮ್ಮ ಕಲಿಸಿದ ಬೆರಳುಗಳು ಬರೆದದ್ದನ್ನು.

ಹದಿನೆಂಟು ವರ್ಷ ನಡೆದ ಕ್ಲಾಸು ಅದು. ಮುಚ್ಚಿಸಿದವನು ನಾನು.

ನನಗಾಗ ಮೂವತ್ತು. ಕೆಲಸ ಸಿಕ್ಕಿತ್ತು, ಸೆಕೆಂಡ್‌ಹ್ಯಾಂಡ್ ಕಾರೊಂದು ತಂದೆ. ನಮ್ಮ ಓಣಿಯಲ್ಲಿ ಮೊದಲ ಕಾರು. ಅದರ ಬಾನೆಟ್ಟಿನ ಮೇಲೆ ದಾಸವಾಳ ಇಟ್ಟವರು ಚಿಕ್ಕಮ್ಮನೇ. ಒಂದು ವಾರ ಕಳೆದ ಮೇಲೆ, ಊಟಕ್ಕೆ ಕುಳಿತಾಗ, ನಾನು ವಿಷಯ ತೆಗೆದೆ. ಕಂಪ್ಯೂಟರ್ ಬಂದಾಯಿತು, ಕ್ಲಾಸಿಗೆ ಈಗ ಜನವೂ ಇಲ್ಲ, ಆ ಜಾಗ ಕಾರಿಗೆ ಆಗುತ್ತದೆ ಅಂದೆ. ಅಮ್ಮ ತೀರಿಕೊಂಡು ಎರಡು ವರ್ಷ ಆಗಿತ್ತು. ಅಮ್ಮ ಇದ್ದಿದ್ದರೆ ಕೇಳುವ ಧೈರ್ಯ ನನಗೆ ಬರುತ್ತಿರಲಿಲ್ಲ.

ಚಿಕ್ಕಮ್ಮ ಮಜ್ಜಿಗೆಯ ಪಾತ್ರೆ ಹತ್ತಿರ ಎಳೆದುಕೊಂಡು, "ಮೂರು ಜನರ ಒಂದು ಬ್ಯಾಚ್ ಉಂಟು. ಜುಲೈಯಲ್ಲಿ ಪರೀಕ್ಷೆ. ಅಲ್ಲಿವರೆಗೆ ಬಿಡ್ತೀಯಾ?" ಎಂದು ಕೇಳಿದರು.

"ಜೂನಿಗೆ ಮಳೆ ಅಲ್ವಾ ಚಿಕ್ಕಮ್ಮ. ಕಾರು ನೆನೀತದೆ," ಎಂದೆ.

ಅವರು ನನ್ನ ಬಟ್ಟಲಿಗೆ ಮಜ್ಜಿಗೆ ಬಡಿಸಿದರು.

ಮೇ ಕೊನೆಗೆ ಟೆಂಪೋ ಬಂತು. ಬಂಟ್ವಾಳದ ಪಕ್ಕದ ನರಿಕೊಂಬಿನಲ್ಲಿ ತಮ್ಮನ ಮನೆಯಲ್ಲಿ ಸಣ್ಣ ಮಕ್ಕಳಿದ್ದಾರೆ, ನೋಡಿಕೊಳ್ಳಲು ಜನ ಬೇಕಂತೆ, ಅಲ್ಲಿಯೇ ಇರುತ್ತೇನೆ ಎಂದರು ಚಿಕ್ಕಮ್ಮ. ನಾನು ನಂಬಿದೆ. ನಂಬಿದರೆ ನನಗೆ ಅನುಕೂಲವಿತ್ತು. ಮೆಷಿನ್ನು ಹೊರಲು ಕೈಯನ್ನೂ ಕೊಟ್ಟೆ. (ಒಳ್ಳೆಯ ಕೆಲಸ ಮಾಡುತ್ತಿದ್ದೇನೆ ಅಂತ ಅನಿಸಿತ್ತು ನನಗೆ, ನೋಡಿ.) ಮರುದಿನ ಬ್ರಶ್ಶು ತಂದು ಆ ನೀಲಿ ಅಕ್ಷರಗಳ ಮೇಲೆ ಬಿಳಿ ಹೊಡೆದೆ. ಒಂದು ಸಲಕ್ಕೆ ಮುಚ್ಚಲಿಲ್ಲ. ಎರಡನೆಯ ಸಲ ಹೊಡೆದಾಗ ಮುಚ್ಚಿತು.

ಆಮೇಲೆ ನಮಗೆ ಮಾತು ಬಿಟ್ಟದ್ದೇನೂ ಇಲ್ಲ. ಮದುವೆಗಳಲ್ಲಿ ಸಿಗುತ್ತಿದ್ದೆವು, ಪೊಳಲಿ ದೇವಸ್ಥಾನದಲ್ಲಿ ಸಿಗುತ್ತಿದ್ದೆವು. ನಮ್ಮ ಮನೆಗೂ ಬಂದಿದ್ದಾರೆ. ಈಗ ಎಪ್ಪತ್ತನಾಲ್ಕು ಅವರಿಗೆ. ವಾಟ್ಸಾಪಿನಲ್ಲಿ ಕನ್ನಡದಲ್ಲಿ ಮೆಸೇಜು ಕಳಿಸುತ್ತಾರೆ, ಒಂದು ಪೂರ್ಣವಿರಾಮವೂ ತಪ್ಪುವುದಿಲ್ಲ. ಆ ಜಾಗದ ವಿಷಯ ಮಾತ್ರ ಇಬ್ಬರೂ ಎತ್ತಿರಲಿಲ್ಲ.

ಆಚಾರ್ರು ಕಾಯುತ್ತಿದ್ದರು. "ಮೇಲೆ ಪಟ್ಟಿ ಹೊಡೆಯುದಾ ಸಾರ್?"

ಈವತ್ತು ಬೇಡ ಎಂದು ಹೇಳಿ, ಗೋಡೆಯ ಫೋಟೋ ತೆಗೆದುಕೊಂಡು, ಸಿದ್ಧಕಟ್ಟೆ ದಾರಿಯಾಗಿ ಬಂಟ್ವಾಳಕ್ಕೆ ಹೊರಟೆ.

ದಾರಿಯುದ್ದಕ್ಕೂ ಒಂದು ಐಡಿಯಾ ಬೆಳೆಯುತ್ತಿತ್ತು. ಆ ಅಕ್ಷರಗಳಿರುವಷ್ಟು ಜಾಗ ಬಿಟ್ಟು ಸುತ್ತ ಮರದ ಪಟ್ಟಿ ಹೊಡೆಸುವುದು. ಅಕ್ಷರಗಳಿಗೆ ಗಾಜು, ಮೇಲೊಂದು ಸಣ್ಣ ಲೈಟು. ನೋಡಿದವರು ಏನೆಂದು ಕೇಳುತ್ತಾರೆ, ನಾನು ಚಿಕ್ಕಮ್ಮನ ಕತೆ ಹೇಳುತ್ತೇನೆ. ಎಷ್ಟು ಒಳ್ಳೆಯದಲ್ಲವಾ? ಈಗ ಕೆಫೆಗಳಲ್ಲಿ ಟೈಪ್‌ರೈಟರನ್ನೇ ಹೂಕುಂಡದ ಪಕ್ಕ ಇಡುವುದಿಲ್ಲವಾ? ನರಿಕೊಂಬು ಮುಟ್ಟುವ ಹೊತ್ತಿಗೆ ಒಂದು ದೊಡ್ಡ ಉಪಕಾರ ಮಾಡಲು ಹೊರಟವನ ಹಾಗೆ ಆಗಿದ್ದೆ.

ಚಿಕ್ಕಮ್ಮ ನದಿ ಕಾಣುವ ಜಗಲಿಯಲ್ಲಿ ಕುಳಿತು, ಪಕ್ಕದ ಮನೆಯ ಹೆಂಗಸಿನ ಪೆನ್ಷನ್ ಅರ್ಜಿ ತುಂಬಿಸುತ್ತಿದ್ದರು. ಆಕೆ ಹೋಗುವವರೆಗೆ ಕಾದೆ. ಮೊಬೈಲು ಕೈಗೆ ಕೊಟ್ಟೆ. (ಮಾತೆಲ್ಲ ನಡೆದದ್ದು ತುಳುವಿನಲ್ಲಿ. ನಿಮಗಾಗಿ ಕನ್ನಡ ಮಾಡಿದ್ದೇನೆ.)

ಅವರು ಎರಡು ಬೆರಳಿನಿಂದ ಫೋಟೋವನ್ನು ದೊಡ್ಡ ಮಾಡಿದರು. ಬಹಳ ಹೊತ್ತು ನೋಡಿದರು. ಬರೆದವನು 'ಟೈಪಿಂಗ್' ಎನ್ನುವಲ್ಲಿ ಸೊನ್ನೆ ಬಿಟ್ಟು 'ಟೈಪಿಗ್' ಎಂದು ಬರೆದಿದ್ದನಂತೆ. ಆ ಸೊನ್ನೆಯನ್ನು ಚಿಕ್ಕಮ್ಮನೇ ಸ್ಟೂಲು ಹತ್ತಿ ಹಾಕಿದ್ದಂತೆ. ಅದನ್ನು ಹೇಳಿ ನಕ್ಕರು. ನೋಡಿದರೆ ಹೌದು, ಸೊನ್ನೆ ಮಾತ್ರ ಸ್ವಲ್ಪ ಸೊಟ್ಟ.

ನನ್ನ ಐಡಿಯಾ ಹೇಳಿದೆ. ಗಾಜು, ಲೈಟು, ಎಲ್ಲ. ನಗು ನಿಂತಿತು.

"ಅದು ನಿನಗೆ ಬೇಕು, ಬಂದವರಿಗೆ ತೋರಿಸ್ಲಿಕ್ಕೆ," ಎಂದರು. "ನನಗೆ ಅದರಿಂದ ಎಂಥ ಆಗ್ಬೇಕು?"

ನದಿಯ ಕಡೆ ನೋಡುತ್ತ ಕುಳಿತೆ. ಇಪ್ಪತ್ತಾರು ವರ್ಷ ಹೇಳದೆ ಇಟ್ಟುಕೊಂಡದ್ದನ್ನು ಕೊನೆಗೂ ಹೇಳಿದೆ. "ಚಿಕ್ಕಮ್ಮ, ಅವತ್ತು ನಾನು ಮಾಡಿದ್ದು ತಪ್ಪು."

ಅಯ್ಯೋ ಬಿಡು, ಎಷ್ಟು ಹಳೆಯದು ಅದೆಲ್ಲ ಎಂದು ಅವರು ಹೇಳಬಹುದು ಅಂತ ಕಾಯುತ್ತಿದ್ದೆ. ನಮ್ಮ ಕಡೆ ಹಿರಿಯರು ಹಾಗೇ ಹೇಳುವುದಲ್ಲವಾ? ಅವರು ಹೇಳಲಿಲ್ಲ.

"ಹೌದು," ಎಂದರು. "ತಪ್ಪೇ."

ಮೊಬೈಲನ್ನು ನನ್ನ ಕೈಗೆ ವಾಪಸು ಕೊಟ್ಟರು. "ಕ್ಲಾಸು ಹೇಗೂ ಮುಚ್ಚುತ್ತಿತ್ತು. ನನಗೂ ಗೊತ್ತಿತ್ತು. ಅದಕ್ಕೆ ನನಗೆ ಬೇಸರ ಇಲ್ಲ. ನೀನು ಕಾರು ನೆನೀತದೆ ಅಂದೆ ನೋಡು. ಆ ಮೂರು ಮಕ್ಕಳು ಜೂನ್ ತಿಂಗಳು ಇಡೀ ನೆನೆದುಕೊಂಡು ಇಲ್ಲಿವರೆಗೆ ಬಂದ್ರು."

ನನಗೆ ಇದು ಗೊತ್ತಿರಲಿಲ್ಲ. ಮೂಡುಬಿದಿರೆಯಿಂದ ಬಂಟ್ವಾಳಕ್ಕೆ ಒಂದು ಬಸ್ಸು, ಅಲ್ಲಿಂದ ಇನ್ನೊಂದು, ಆಮೇಲೆ ನಡಿಗೆ. ಇದೇ ಜಗಲಿಯಲ್ಲಿ ಟರ್ಪಾಲು ಕಟ್ಟಿ ಮೂರು ಮೆಷಿನ್ನು ಇಟ್ಟಿದ್ದರಂತೆ. ಒದ್ದೆ ಬಟ್ಟೆಯಲ್ಲಿ ಕೂರಿಸಬಾರದೆಂದು ಚಿಕ್ಕಮ್ಮ ತಮ್ಮ ಸೀರೆಗಳನ್ನೇ ಉಡಲು ಕೊಡುತ್ತಿದ್ದರಂತೆ. ಪರೀಕ್ಷೆ ಮುಗಿದ ಮೇಲೆ ಮೆಷಿನ್ನುಗಳನ್ನು ಮಾರಿದ್ದು.

ಪಟ್ಟಿ ಹೊಡೆಸು ಎಂದರು. ಮಳೆ ಬೀಳುವ ಗೋಡೆ, ಹಾಗೆ ಬಿಡಬಾರದು. ನಾನು ಏಳುವಾಗ ಮಾತ್ರ ಒಂದು ಮಾತು ಸೇರಿಸಿದರು. "ಮುಚ್ಚುವ ಮೊದಲು ನಾನೊಮ್ಮೆ ನೋಡ್ತೇನೆ. ಯಶೋದನ ಹತ್ತಿರವೂ ಹೇಳ್ತೇನೆ."

ಯಶೋದಾ ಆ ಮೂವರಲ್ಲಿ ಒಬ್ಬರು. ಈಗ ಬೆಳ್ತಂಗಡಿಯ ಒಂದು ಕಚೇರಿಯಲ್ಲಿ ಹೆಡ್ ಕ್ಲರ್ಕ್. ಮುಂದಿನ ಭಾನುವಾರ ತಾವೇ ಕಾರು ಓಡಿಸಿಕೊಂಡು, ನರಿಕೊಂಬಿನಿಂದ ಚಿಕ್ಕಮ್ಮನನ್ನು ಕೂರಿಸಿಕೊಂಡು ಬಂದರು. ಐವತ್ತರ ಹತ್ತಿರದ ಹೆಂಗಸು. ಚಿಕ್ಕಮ್ಮನನ್ನು ಇಂದಿಗೂ ಟೀಚರ್ ಎಂದೇ ಕರೆಯುತ್ತಾರೆ.

ಇಬ್ಬರೂ ಗೋಡೆಯ ಎದುರು ನಿಂತರು. ಚಿಕ್ಕಮ್ಮ ಅಂಗೈಯನ್ನು ಅಕ್ಷರಗಳ ಮೇಲಿಟ್ಟು, ಮೆಲ್ಲಗೆ ಎಡದಿಂದ ಬಲಕ್ಕೆ ಹೋದರು. ಯಶೋದಾ ಫೋಟೋ ತೆಗೆಯಲು ಮೊಬೈಲು ಎತ್ತಿದವರು, ಯಾಕೋ ಹಾಗೆಯೇ ಬ್ಯಾಗಿಗೆ ಹಾಕಿಕೊಂಡರು. ಶೋಭಾ ಕುರ್ಚಿ ತಂದಿಟ್ಟಳು.

ನನ್ನನ್ನು ನೋಡಿದ ಗುರುತು ಉಂಟಾ ಎಂದು ನಾನು ಯಶೋದಾ ಅವರನ್ನು ಕೇಳಿದೆ. ಏನಾದರೂ ಕೇಳಬೇಕಲ್ಲ.

"ಉಂಟು," ಎಂದರು. "ಕ್ಲಾಸು ಅಲ್ಲಿಗೆ ಹೋದದ್ದು ಗೊತ್ತಿಲ್ಲದೆ ನಾನು ಒಂದು ದಿನ ಇಲ್ಲಿಗೇ ಬಂದಿದ್ದೆ. ನೀವು ಕಾರು ತೊಳೀತಾ ಇದ್ರಿ. ಕ್ಲಾಸು ಮುಚ್ಚಿತು ಅಂದ್ರಿ."

ಧ್ವನಿಯಲ್ಲಿ ಕೋಪ ಇರಲಿಲ್ಲ. ಕಚೇರಿಯಲ್ಲಿ ಫೈಲಿನಲ್ಲಿ ಇರುವುದನ್ನು ಓದಿ ಹೇಳಿದ ಹಾಗೆ ಹೇಳಿದರು. ನಾನು ಎಷ್ಟು ಯೋಚಿಸಿದರೂ ಆ ದಿನ ನನ್ನ ನೆನಪಿನಲ್ಲಿ ಇಲ್ಲವೇ ಇಲ್ಲ. ಕ್ಲಾಸು ಹುಡುಕಿಕೊಂಡು ಬಂದ ಒಬ್ಬ ಹುಡುಗಿಗೆ ವಿಳಾಸವನ್ನಾದರೂ ಹೇಳಬಹುದಿತ್ತು. ಹೇಳಲಿಲ್ಲ. ಮರೆತೂ ಬಿಟ್ಟೆ. ಅವರು ಮರೆಯಲಿಲ್ಲ.

ಆಚಾರ್ರು ಗೋಡೆಗೆ ಅಡ್ಡಕ್ಕೆ ಮರದ ರೀಪು ಹೊಡೆದು, ಎಡತುದಿಯಿಂದ ಉದ್ದ ಪಟ್ಟಿಗಳನ್ನು ಕೂರಿಸುತ್ತಿದ್ದರು. ಚಿಕ್ಕಮ್ಮ ಕಣ್ಣು ಕಿರಿದು ಮಾಡಿ ನೋಡಿ, ನಾಲ್ಕನೆಯದರ ಆಚೆ ಸಂದು ಹೆಚ್ಚಾಗಿದೆ ಎಂದರು. ಆಚಾರ್ರು ಇಲ್ಲ ಅಮ್ಮ, ಅಳತೆಯ ತುಂಡು ಇಟ್ಟೇ ಹೊಡೆದದ್ದು ಎಂದರು. ಮತ್ತೆ ತಮಗೇ ಸಮಾಧಾನ ಆಗದೆ ಟೇಪು ಹಿಡಿದರು. ಕೆಳಗಡೆ ಕಾಲಿಂಚು ಹೆಚ್ಚಿತ್ತು. ಸ್ಕ್ರೂ ಬಿಚ್ಚಿದರು. ಹದಿನೆಂಟು ವರ್ಷ ಬೇರೆಯವರ ಮಾರ್ಜಿನ್ನು ನೋಡಿದ ಕಣ್ಣಲ್ಲವಾ?

ಪಟ್ಟಿಗಳು ಒಂದೊಂದಾಗಿ ಅಕ್ಷರಗಳ ಮೇಲೆ ಬಂದವು. ಅರ್ಧ ಮುಚ್ಚುವ ಹೊತ್ತಿಗೆ ಚಿಕ್ಕಮ್ಮ ಎದ್ದರು. ಶೋಭಾ ಊಟಕ್ಕೆ ನಿಲ್ಲಿ ಎಂದು ಹಟ ಮಾಡಿದಳು. ನಿಂತರು, ಊಟ ಮಾಡಿದರು, ಅನಾನಸಿನ ಮೆಣಸ್ಕಾಯಿ ಚೆನ್ನಾಗಿದೆ ಎಂದು ಎರಡನೆಯ ಸಲ ಹಾಕಿಸಿಕೊಂಡರು. ನನ್ನನ್ನು ಕ್ಷಮಿಸಿದ್ದಾರಾ? ಗೊತ್ತಿಲ್ಲ. ಕೇಳಲಿಲ್ಲ. ಹೊರಡುವಾಗ ನನ್ನ ತಲೆಯ ಮೇಲೆ ಕೈ ಇಟ್ಟರು, ಎಂದಿನ ಹಾಗೆ.

ಎರಡು ದಿನದಲ್ಲಿ ಕೆಲಸ ಮುಗಿಯಿತು. ಆಚಾರ್ರ ಕೈಗುಣ ದೊಡ್ಡದು. ಸಂಜೆಯ ಬಿಸಿಲು ಬಿದ್ದರೆ ಪಟ್ಟಿಗಳು ಜೇನುತುಪ್ಪದ ಬಣ್ಣಕ್ಕೆ ತಿರುಗುತ್ತವೆ. ದಾರಿಯಲ್ಲಿ ಹೋಗುವವರು ನಿಂತು ನೋಡುತ್ತಾರೆ, ಒಬ್ಬರು ಹೋಮ್‌ಸ್ಟೇ ಮಾಡ್ತೀರಾ ಎಂದೂ ಕೇಳಿದರು.

ಕೊನೆಯ ದಿನ ಸಂಜೆ ಆಚಾರ್ರು ಸಾಮಾನು ಕಟ್ಟಿಕೊಂಡು ಹೋದ ಮೇಲೆ ನಾನೂ ಶೋಭಾಳೂ ಅಂಗಳದಲ್ಲಿ ನಿಂತಿದ್ದೆವು. ಒಳಗೆ ಊಟದ ಮೇಜಿನ ಸುತ್ತ ಅವಳ ಟ್ಯೂಶನ್ನಿನ ಮಕ್ಕಳು ಲೆಕ್ಕ ಮಾಡುತ್ತಿದ್ದರು. ಹನ್ನೆರಡು ವರ್ಷದಿಂದ ಅವಳು ಗಣಿತ ಕಲಿಸುವುದು ಆ ಮೇಜಿನಲ್ಲಿಯೇ. ನನ್ನ ಸ್ನೇಹಿತರು ಬಂದರೆ ಮಕ್ಕಳು ಪುಸ್ತಕ ಎತ್ತಿಕೊಂಡು ಅಡುಗೆಮನೆಯ ಹಿಂದಿನ ಚಿಟ್ಟೆಗೆ, ಅಂದರೆ ಸಣ್ಣ ಜಗಲಿಗೆ, ಹೋಗುತ್ತಾರೆ. ಹೋಗಿ ಎಂದು ಯಾರೂ ಹೇಳಬೇಕಾಗಿಲ್ಲ, ಅಷ್ಟು ಅಭ್ಯಾಸ. ಅದು ಸರಿಯಾ ಎಂದು ನಾನು ಒಮ್ಮೆಯೂ ಯೋಚಿಸಿದವನಲ್ಲ.

ಶೋಭಾ ಹೊಸ ಗೋಡೆಯನ್ನು ನೋಡಿದಳು. ಒಳಗಿನ ಮಕ್ಕಳ ಕಡೆ ನೋಡಿದಳು. ಆಮೇಲೆ ನನ್ನನ್ನು.

"ನಾವು ಕಾರು ಹೊರಗೆ ನಿಲ್ಲಿಸುವಾ?"